ಅಂಗಿಗೆ ಸುರಿದ ರಮ್

ಓಲ್ಗೀನ್ ಪಟ್ಟಣದ ಆಸ್ಪತ್ರೆಯೆದುರು ಕುದುರೆಗಾಡಿಗೆ ಕಾಯುವವರ ಸಾಲಿನಲ್ಲಿ ನಿಂತಿದ್ದೆ. ನನ್ನ ಮುಂದೆ ಒಬ್ಬ ಹೆಂಗಸು, ಅವಳ ಭುಜ ಹಿಡಿದು ತೂರಾಡುವ ತಮ್ಮ. ಅವನ ಅಂಗಿ ರಮ್ ನಾರುತ್ತಿತ್ತು.

“ಡಾಕ್ಟರು ಕೋಲು ಹಿಡಿ ಅಂದ್ರೆ ನೀನು ಅಂಗಿಗೆ ರಮ್ ಸುರ್ಕೊಂಡಿದೀಯ.”

“ಕುಡಿದಿಲ್ವಲ್ಲ, ಅಕ್ಕಾ.”

“ಕುಡಿದಿದ್ರೆ ವಾಸಿಯಿತ್ತು, ರೆಯ್ನೇರಿಯೊ. ಅಮಲಾದ್ರೆ ಇಳೀತಿತ್ತು.”

“ಕೋಲು ಕಂಡ್ರೆ ಬೀಗರಿಗೆ ಗೊತ್ತಾಗುತ್ತೆ. ಅಮ್ಮನ ನಡಿಗೆ ಕಿತ್ಕೊಂಡ ಕಾಯಿಲೆ ನನಗೂ ಬಂದಿದೆ, ಮುಂದೆ ಮಗಳಿಗೂ ಬರಬಹುದು ಅಂತಾರೆ. ಅಪ್ಪ ಕುಡುಕ ಅಂತ ಯಾರೂ ಮದುವೆ ಮುರಿಯಲ್ಲ.”

“ಮೊನ್ನೆ ಚರಂಡಿಗೆ ಬಿದ್ದಾಗ ಜನ ನಗ್ತಾ ದಾಟಿ ಹೋದ್ರು.”

“ಕುಡುಕ ಅಂದ್ಕೊಂಡು ನಕ್ರಲ್ಲ, ಅಷ್ಟು ಸಾಕು.”

“ಮಗಳಿಗಾದ್ರೂ ಹೇಳಿದ್ಯಾ, ಮಾಯ್ಲೆನ್‌ಗೆ?”

“ಮದುವೆ ಆಗ್ಲಿ.”

“ಅವಳ ಮೈಯ ವಿಷಯ, ಅವಳಿಗೇ ಮುಚ್ಚಿಡ್ತೀಯಲ್ಲೋ.”

ಗಾಡಿ ಬಂತು. ಮೆಟ್ಟಿಲಿಗಿಟ್ಟ ಅವನ ಕಾಲು ಜಾರಿತು. ಮತ್ತೆ ಇಟ್ಟ, ಮತ್ತೆ ಜಾರಿತು.

“ಕುಡುಕರನ್ನ ಹತ್ತಿಸಲ್ಲ,” ಎಂದ ಗಾಡಿಯವನು.

ಅಕ್ಕ ತಮ್ಮನ ಕಿವಿಯ ಬಳಿ ಬಾಗಿದಳು. ಆದರೂ ನನಗೆ ಕೇಳಿಸಿತು.

“ಇವತ್ತೇ ಮಗಳಿಗೆ ಹೇಳ್ತೀಯಾ, ಇಲ್ಲ ನಾನೀಗ ಈ ಗಾಡಿಯವನಿಗೆ ನಿಜ ಹೇಳ್ಲಾ?”

ಅವನು ಗಾಡಿಯನ್ನೇ ನೋಡಿದ.

“ನಡ್ಕೊಂಡೇ ಹೋಗೋಣ, ಅಕ್ಕಾ.”

“ನಡಿ ಹಾಗಾದ್ರೆ. ದೊಡ್ಡ ನಡೆಯೋನು.”

ಅವನ ಸೊಂಟ ಬಳಸಿ ಹಿಡಿದು, ಗೊಣಗುತ್ತಲೇ, ಗೋಡೆಯ ಪಕ್ಕದಲ್ಲಿ ಕರೆದುಕೊಂಡು ಹೋದಳು.