ಸುಸರಸ್ ಅಂದರೆ ನೀರು

ಪಾರ್ಶ್ವವಾಯು ಬಡಿದವರಿಗೆ ಮತ್ತೆ ಮಾತು ಕಲಿಸುವ ಕೋಣೆ ಅದು. ಹೊರಗಿನ ಬೆಂಚಿನ ಮೇಲೆ ನನ್ನೆದುರು ಗುರುತಿಲ್ಲದ ಇಬ್ಬರು ಅಕ್ಕತಂಗಿಯರು, ನಡುವೆ ಅಕ್ಕನ ಗಂಡ.

"ಸುಸರಸ್" ಎಂದರು ಗಂಡ.

"ಭಾವ ಏನಂತಾರಕ್ಕ?"

"ನೀರು ಬೇಕಂತೆ." ಅಕ್ಕ ಬಾಟಲಿಯ ಮುಚ್ಚಳ ತೆಗೆದರು.

"ಇಂಗ್ಲಿಷಾ ಅದು?"

"ಹೂಂ. ಮಗಳು ಡಿಕ್ಷನರೀಲಿ ಹುಡುಕಿದ್ಲು. ಎಲೆ ಅಲ್ಲಾಡೋ ಸದ್ದಂತೆ, ಪಿಸುಮಾತು ಅಂತಾನೂ ಇದೆಯಂತೆ. ಪ್ರೆಸ್ಸಿನಲ್ಲಿ ಪ್ರೂಫ್ ನೋಡಿ ಊರವರ ತಪ್ಪೆಲ್ಲ ತಿದ್ದಿದೋರಿಗೆ ಈಗ ಇದೊಂದೇ ಪದ ಉಳಿದಿರೋದು."

"ಸದ್ಯ, ಬೈಗುಳ ಉಳೀಲಿಲ್ವಲ್ಲ!"

"ಬೈಯೋದಕ್ಕೂ ಇದೇ ಕಣೆ. ನಿನ್ನೆ ಸಾರಿಗೆ ಉಪ್ಪು ಜಾಸ್ತಿಯಾದಾಗ ನೀನು ಕೇಳ್ಬೇಕಿತ್ತು."

ಇಬ್ಬರೂ ನಕ್ಕರು. ಅವರು ನಕ್ಕದ್ದು ಕಂಡು ಭಾವನೂ ನಕ್ಕರು.

"ಒಳಗೆ ಏನು ಹೇಳಿಸ್ತಾರೆ?"

"ನನ್ನ ಹೆಸರು. ನನ್ನನ್ನ ಎದುರಿಗೆ ಕೂರಿಸಿ, 'ಇವರು ಯಾರು ಹೇಳಿ' ಅಂತಾರೆ. ಇವರು ನನ್ನ ಮುಖ ನೋಡ್ಕೊಂಡು ಬೆವರ್ತಾರೆ. ಇವತ್ತೂ ಬರದಿದ್ರೆ ಇಲ್ಲಿಗೆ ನಿಲ್ಲಿಸೋಣ ಅಂದಿದಾರೆ."

"ಬರುತ್ತೆ ಬಿಡಕ್ಕ."

"ಎಲ್ಲಿಂದ ಬರುತ್ತೆ? ಮದುವೆಯಾದಾಗಿನಿಂದ 'ಲೇ', 'ಇವಳೇ', ಇಷ್ಟೇ. ಇವರು ಗಟ್ಟಿಯಾಗಿದ್ದಾಗ, ಒಂದು ಸಲ ಹೆಸರು ಹಿಡಿದು ಕರೀರಿ ಅಂತ ನಾನೂ ಕೇಳಲಿಲ್ಲ."

ತಂಗಿ ಕಿಟಕಿಯ ಕಡೆ ಮುಖ ತಿರುಗಿಸಿದರು.

ಬಾಗಿಲು ತೆರೆದು ಒಳಗಿನಿಂದ ಕರೆ ಬಂತು. ಭಾವ ಎದ್ದು ನಿಂತರು, ತಡಕಾಡಿದರು, ಹೆಂಡತಿಯ ಕಡೆ ಕೈ ಚಾಚಿದರು.

"ಸುಸರಸ್."

"ಈಗೇನು ಬೇಕಂತಕ್ಕ?"

ಅಕ್ಕ ನೀರಿನ ಬಾಟಲಿಯನ್ನು ತಂಗಿಯ ಕೈಗಿಟ್ಟು ಎದ್ದರು.

"ಬಂದೆ ರೀ" ಎಂದು ಆ ಕೈ ಹಿಡಿದುಕೊಂಡು ಒಳಗೆ ಹೋದರು.