ಬೀಜದ ಮಂಜುಗಡ್ಡೆ

ಮಾರುಕಟ್ಟೆ ಸಂಘದ ಅಧ್ಯಕ್ಷರಾದ ದೋನ್ಯ ಕ್ಲೋರಿಂದಾ ಅವರೇ, ರಾಷ್ಟ್ರೀಯ ಉದ್ಯಾನದ ಮೇಲಧಿಕಾರಿಗಳೇ, ಇಂದಿನ ಸನ್ಮಾನಿತರೂ ನನ್ನ ಮಗಳ ಧರ್ಮತಂದೆಯೂ ಆದ ದೋನ್ ಫೌಸ್ತೊ ಅವರೇ, ಕೈಯಲ್ಲಿ ರಸ್ಪಾದಿಲ್ಯದ ಲೋಟ ಹಿಡಿದು ಕುಳಿತಿರುವ ಸಭಿಕರೇ,

ನಾನು ಸಬೀನೊ. ನನಗೆ ಭಾಷಣ ಬರುವುದಿಲ್ಲ. ಐದು ನಿಮಿಷದಲ್ಲಿ ಮುಗಿಸು ಎಂದು ಅಧ್ಯಕ್ಷರು ಹೇಳಿದ್ದಾರೆ. ನಿಮ್ಮ ಲೋಟದ ಮಂಜು ಕರಗುವುದರೊಳಗೆ ಮುಗಿಸುತ್ತೇನೆ.

ಫೌಸ್ತೊ ಮತ್ತು ನಾನು ಮೂವತ್ತೊಂದು ವರ್ಷ ಪುಮಾರಿಟಿ ಶಿಖರದ ಹಿಮನದಿಯಿಂದ ಮಂಜುಗಡ್ಡೆ ಕಡಿದು, ಇಚು ಹುಲ್ಲಿನಲ್ಲಿ ಸುತ್ತಿ, ಕತ್ತೆಗಳ ಮೇಲೆ ಹೇರಿಕೊಂಡು ಈ ಪೇಟೆಗೆ ತಂದವರು. ಅದನ್ನು ಹೆರೆದು ಬಣ್ಣದ ಪಾನಕ ಸುರಿದರೆ ರಸ್ಪಾದಿಲ್ಯ. ಯಂತ್ರದ ಮಂಜಿಗೆ ಆ ರುಚಿ ಎಲ್ಲಿದೆ? ನಾಲ್ಕು ವರ್ಷದ ಹಿಂದೆ ಉದ್ಯಾನದವರು ನಾವು ಕಡಿಯುವುದನ್ನು ನಿಲ್ಲಿಸಿದರು. ನಿಲ್ಲಿಸಿದ್ದು ಸರಿಯೇ. ಮೊದಲೆಲ್ಲ ಕತ್ತೆ ಮಂಜಿನ ಅಂಚಿಗೇ ಮೂತಿ ತಾಗಿಸಿ ನಿಲ್ಲುತ್ತಿತ್ತು. ಕೊನೆಕೊನೆಗೆ ಕತ್ತೆಯನ್ನು ಕಟ್ಟಿ, ಎರಡು ಗಂಟೆ ಬಂಡೆ ಹತ್ತಬೇಕಾಗಿತ್ತು. ಈಗಂತೂ ಮಂಜು ಕಡಿದಾದ ಬಂಡೆಯ ಮೇಲಕ್ಕೆ ಹೋಗಿ ಕೂತಿದೆ, ಹದ್ದಿಗೆ ಮಾತ್ರ ಸಿಗುತ್ತದೆ.

ಈ ಹಿತ್ತಾಳೆ ಫಲಕದಲ್ಲಿ 'ಪುಮಾರಿಟಿಯ ಕೊನೆಯ ಮಂಜು ಕಡಿದವರು, ದೋನ್ ಫೌಸ್ತೊ' ಎಂದು ಬರೆದಿದೆ. ಚೆನ್ನಾಗಿ ಬರೆದಿದ್ದಾರೆ. ಎರಡು ಸಲ ಓದಿದೆ. ನನ್ನ ಹೆಸರು ಹಿಂಭಾಗದಲ್ಲಿ ಇರಬಹುದೇನೋ ಎಂದು ತಿರುಗಿಸಿಯೂ ನೋಡಿದೆ.

ನಗಿ, ನಗಿ. ನಾನೂ ನಕ್ಕೆ.

ಫೌಸ್ತೊ ಒಳ್ಳೆಯ ಕೆಲಸಗಾರ. ನಾನು ಎರಡು ಗಡ್ಡೆ ಕಡಿಯುವಷ್ಟರಲ್ಲಿ ಅವನು ಒಂದು ಕಡಿಯುತ್ತಿದ್ದ. ಆದರೆ ಅದು ನೀಲಿ ಗಡ್ಡೆ, ಕಲ್ಲಿನಂಥದ್ದು. ನನ್ನ ಹೆಂಡತಿ ಹಸಿಂತಾ ಇದೇ ಮಾರುಕಟ್ಟೆಯಲ್ಲಿ ಮಂಜು ಹೆರೆಯುವವಳು. ನಮ್ಮ ಮದುವೆಯಾದ ವರ್ಷ ಒಂದು ದಿನ ಅಂದಳು: "ನಿನ್ ಮಂಜು ನಿನ್ ಥರಾನೇ, ಮಧ್ಯಾಹ್ನಕ್ಕೇ ಸುಸ್ತು. ಫೌಸ್ತೊ ತಂದಿದ್ದು ನೋಡು, ಸಂಜೆ ತನಕ ಹಂಗೇ ನಿಂತಿರುತ್ತೆ!"

ಒಂದು ಮಾತನ್ನು ಒಬ್ಬ ಮನುಷ್ಯ ಎಷ್ಟು ವರ್ಷ ನೆನಪಿಟ್ಟುಕೊಳ್ಳಬಹುದು, ಸಭಿಕರೇ? ಹಸಿಂತಾ, ನೀನು ಮರೆತಿರುತ್ತೀಯ.

ವಿಷಯಕ್ಕೆ ಬರುತ್ತೇನೆ. ನಮ್ಮ ಅಪ್ಪಂದಿರದು ಒಂದು ಕಟ್ಟಳೆ ಇತ್ತು. ಆಲೂಗಡ್ಡೆಯಲ್ಲಿ ಬಿತ್ತನೆಗೆಂದು ತೆಗೆದಿಡುವ ಹಾಗೆ ಮಂಜಿನಲ್ಲೂ ಒಂದು ಗಡ್ಡೆಯನ್ನು ಬೀಜಕ್ಕೆ ಬಿಡಬೇಕು. ಬೆಟ್ಟಕ್ಕೆ ಕಾಣಿಕೆಯಾಗಿ ಮೂರು ಕೋಕಾ ಎಲೆ ಇಟ್ಟು, ಹುಲ್ಲು ಹೊದಿಸಿ, ಕೊಡಲಿ ತಾಗಿಸದೆ ಬರಬೇಕು. ಅದರಿಂದ ಬೆಟ್ಟ ಮತ್ತೆ ಮಂಜು ಬೆಳೆಯುತ್ತದೆ. ಅಧಿಕಾರಿಗಳು ಮುಗುಳ್ನಗುತ್ತಿದ್ದಾರೆ. ಇರಲಿ. ಕೆಲಸ ನಿಂತ ದಿನ ಫೌಸ್ತೊ ಕಪ್ಪು ಬಂಡೆಯ ನೆರಳಲ್ಲಿ ಕರುವಿನಷ್ಟು ದೊಡ್ಡ ನೀಲಿ ಗಡ್ಡೆಯೊಂದನ್ನು ಬೀಜಕ್ಕೆ ಆರಿಸಿದ. ಆಮೇಲೆ ಅವನ ಮೊಣಕಾಲು ಹೋಯಿತು. ಹುಲ್ಲು ಹೊದಿಸುವ ಕೆಲಸ ನನಗೆ ಬಂತು. ಪ್ರತಿ ಭಾನುವಾರ ಚರ್ಚಿನ ಮೆಟ್ಟಿಲ ಮೇಲೆ ಕೇಳುತ್ತಾನೆ:

"ಬೀಜ ಹೆಂಗಿದೆ, ಕುಂಪಾ?"

ಮಗುವಿನ ಧರ್ಮತಂದೆಯೂ ಹೆತ್ತ ತಂದೆಯೂ ಹಾಗೆಯೇ ಕರೆದುಕೊಳ್ಳುವುದು, ಕುಂಪಾ ಎಂದು.

"ಇದೆ ಕುಂಪಾ. ಒಂಚೂರು ಇಳಿದಿದೆ."

"ಹುಲ್ಲು ದಪ್ಪಕ್ಕೆ ಹೊದ್ಸು. ನೀನಿದ್ದೀಯಲ್ಲ, ನಂಗೆ ಅದೇ ಧೈರ್ಯ."

ಕಳೆದ ವಾರ ಫಲಕ ನಮ್ಮ ಅಂಗಡಿಗೆ ಬಂತು. ಹಸಿಂತಾ ಅದನ್ನು ಸೊಂಟಕ್ಕೆ ಕಟ್ಟಿದ್ದ ಬಟ್ಟೆಯಿಂದ ಒರೆಸಿ, "ಅವನಿಗೆ ಒಪ್ಪುತ್ತೆ ಅಲ್ವಾ?" ಅಂದಳು. ಇನ್ನೊಂದು ಸಲ ಒರೆಸಿದಳು.

ಬುಧವಾರ ನಾನು ಕೊಡಲಿ ಹಿಡಿದು ಬೆಟ್ಟ ಹತ್ತಿದೆ. ಅಧಿಕಾರಿಗಳೇ, ಬರೆದುಕೊಳ್ಳಿ, ಸಬೀನೊ ಕೊಚಾಚಿನ್. ಫಲಕ ಬರೆದಾದ ಮೇಲೂ ಮಂಜು ಕಡಿದವನು ಯಾರೋ ಅವನೇ ತಾನೆ ಕೊನೆಯವನು? ದಾರಿಯುದ್ದಕ್ಕೂ ಇದೇ ಲೆಕ್ಕ. ಒಂದು ತುಂಡು ಸಾಕು ಎಂದುಕೊಂಡಿದ್ದೆ. ಬೀಜದ ಗಡ್ಡೆಯ ಹುಲ್ಲು ಸರಿಸಿದರೆ ಉಳಿದಿದ್ದೇ ಕತ್ತೆಯ ಒಂದು ಹೊರೆಯಷ್ಟು. ಫೌಸ್ತೊ ಇಟ್ಟ ಮೂರು ಎಲೆ ಕಪ್ಪಾಗಿ ಅಂಟಿಕೊಂಡಿದ್ದವು. ಎಲೆ ತೆಗೆದೆ. ಕಡಿದೆ. ಪೂರ್ತಿ ಕಡಿದೆ. ಹಸಿಂತಾಗೆ, ಬಂಡೆಯ ಸಂದಿಯಲ್ಲಿ ಸಿಕ್ಕಿತು ಎಂದೆ.

ನಿಮ್ಮ ಲೋಟಗಳಲ್ಲಿ ಇರುವುದು ಅದೇ. ದಯವಿಟ್ಟು ಕೆಳಗಿಡಬೇಡಿ. ಇಟ್ಟರೂ ಅದು ಮೇಲಕ್ಕೆ ಹೋಗುವುದಿಲ್ಲ.

ಫೌಸ್ತೊ ಮೊದಲನೇ ಚಮಚಕ್ಕೇ ನಿಲ್ಲಿಸಿದ. ನಾನು ನೋಡುತ್ತಲೇ ಇದ್ದೆ. ಬಾಯಿಗಿಟ್ಟ ಕೂಡಲೇ ಯಾವ ಜಾಗದ ಮಂಜು ಎಂದು ಹೇಳಬಲ್ಲವನು ಅವನು. ನನಗೆ ಅದೂ ಬರುವುದಿಲ್ಲ.

ಫಲಕ ಬದಲಿಸಿ ಎಂದು ಕೇಳಲು ನಿಂತಿದ್ದೆ. ಕೇಳುವುದಿಲ್ಲ. ಗಡ್ಡೆ ಎತ್ತಿದ ಜಾಗದಲ್ಲಿ ಒದ್ದೆ ಜಲ್ಲಿ ಇತ್ತು, ಅಷ್ಟೇ. ಅಲ್ಲಿ ನಿಂತು ನಾನೇ ಕೊನೆಯವನು ಎಂದು ಗಟ್ಟಿಯಾಗಿ ಹೇಳಿ ನೋಡಿದೆ. ಕೇಳಿಸಿಕೊಳ್ಳಲು ಕತ್ತೆಯೂ ಹತ್ತಿರ ಇರಲಿಲ್ಲ.

ಹಸಿಂತಾ, ಲೋಟ ನೋಡು. ಇಷ್ಟು ಹೊತ್ತು ಮಾತಾಡಿದೆ, ನಾನು ತಂದ ಮಂಜು ಇನ್ನೂ ಕರಗಿಲ್ಲ. ಅದನ್ನು ಆರಿಸಿದವನೂ ಅವನೇ.

ಆ ಮೂರು ಎಲೆ ನನ್ನ ಜೇಬಿನಲ್ಲಿವೆ. ಫಲಕದ ಜೊತೆ ಇಡುತ್ತಿದ್ದೇನೆ. ನಾಳೆ ಭಾನುವಾರ. ಮೆಟ್ಟಿಲ ಮೇಲೆ ಅವನು ಕೇಳುವ ಮೊದಲು, ನಿಮ್ಮೆಲ್ಲರ ಎದುರಿಗೆ ಉತ್ತರ ಕೊಟ್ಟುಬಿಡುತ್ತೇನೆ.

ಬೀಜ ಇಲ್ಲ, ಕುಂಪಾ.

ಕೊಟ್ಟ ಐದು ನಿಮಿಷ ಮೀರಿದೆ. ಅಧ್ಯಕ್ಷರು ತಡೆಯಲಿಲ್ಲ, ಅವರಿಗೆ ನನ್ನ ವಂದನೆ. ಎದ್ದು ಹೋಗದೆ ಕೇಳಿದ ನಿಮಗೂ ವಂದನೆ. ನಮಸ್ಕಾರ.