ಅಮ್ಮ ನೋಡದೆ ಕಳಿಸಿದ್ದು

ಕೊರಿಯಾದ ದೇಗು ಪೇಟೆಯಿಂದ ಹೊರಟ ಬಸ್ಸಿನಲ್ಲಿ, ಈರುಳ್ಳಿ ಸೊಪ್ಪಿನ ಕಟ್ಟನ್ನು ಮಡಿಲಲ್ಲಿಟ್ಟುಕೊಂಡು ತೂಕಡಿಸುತ್ತಿದ್ದ ಬೊಂಗ್‌ಸುನ್ ಅಜ್ಜಿಗೆ ಮುಂದಿನ ಸೀಟಿನ ಅಕ್ಕತಂಗಿಯರ ಮಾತು ಕೇಳಿ ನಿದ್ದೆ ಹಾರಿಹೋಯಿತು.

"ಅಕ್ಕಾ, ಅಮ್ಮ ಕಂಪ್ಯೂಟರಿಂದ ಏನೋ ಕಳ್ಸಿದಾಳೆ ನೋಡು. ಬರೀ ಇಂಗ್ಲಿಷ್ ಅಕ್ಷರ, ತಲೆಬುಡ ಇಲ್ಲ."

"ಭಾಷೆ ಬದಲಿಸೋ ಕೀಲಿ ಒತ್ತೋದು ಮರ್ತಿರ್ತಾಳೆ ಬಿಡೇ. ನಂಗೆ ದಿನಾ ಆಗತ್ತೆ."

"ನಿಂಗಾಗತ್ತೆ. ಅಮ್ಮ ಜೀವಮಾನವೆಲ್ಲ ಕೋರ್ಟಲ್ಲಿ ಟೈಪ್ ಮಾಡ್ದೋಳು. ಕೀಲಿ ನೋಡಲ್ಲ, ಆದ್ರೆ ಪರದೆ ನೋಡ್ದೆ ಯಾವತ್ತಾದ್ರೂ ಕಳ್ಸಿದಾಳಾ?"

"ಫೋನ್ ಮಾಡು ಮತ್ತೆ."

"ಆಗ್ಲಿಂದ ಮಾಡ್ತಾನೇ ಇದೀನಿ. ಎತ್ತುತಿಲ್ಲ."

"ಕೊಡಿಲ್ಲಿ. ಅದೇ ಕೀಲಿಗಳ ಮೇಲೆ ನಮ್ಮ ಕೊರಿಯನ್ ಹಂಗುಲ್ ಅಕ್ಷರಾನೂ ಇರತ್ತಲ್ಲ, ಒಂದೊಂದೇ ಒತ್ತಿ ನೋಡ್ತೀನಿ."

ಅಕ್ಕನ ಬೆರಳು ಫೋನಿನ ಮೇಲೆ ನಿಧಾನವಾಗಿ ಓಡಾಡಿ, ಗಕ್ಕನೆ ನಿಂತಿತು.

"ಏನಂತೆ? ಹೇಳಕ್ಕಾ, ಭಯ ಆಗ್ತಿದೆ."

"ಕಣ್ಣು ಕಾಣಿಸ್ತಿಲ್ಲ, ಅಂತ."

ತಂಗಿ ಧಡಕ್ಕನೆ ಎದ್ದು ಬಸ್ಸು ನಿಲ್ಲಿಸುವ ಗಂಟೆ ಒತ್ತಿದಳು. ಇಬ್ಬರೂ ಒಬ್ಬರ ಮೇಲೊಬ್ಬರು ಬೀಳುತ್ತ ಬಾಗಿಲಿನತ್ತ ಓಡಿದರು. ಅಜ್ಜಿ ಕಟ್ಟನ್ನು ಗಟ್ಟಿಯಾಗಿ ಅಪ್ಪಿಕೊಂಡಳು.

"ಬರ್ತಿದೀವಿ ಅಂತ ಬರಿಯಕ್ಕಾ, ಬೇಗ ಬರಿ!"

"ಬರೆದ್ರೆ ಓದೋರು ಯಾರೇ?"

ಇಳಿದ ಅವರ ಬೆನ್ನ ಹಿಂದೆ ಬಾಗಿಲು ಮುಚ್ಚಿಕೊಂಡಿತು.